ಬೆನ್ನಿನಲ್ಲೇ ಅತ್ತ ತಾಯಿ

ಸ್ವೀಡನ್ನಿನ ಮೂಕಿ ಚಿತ್ರಗಳ ಕಾಲದಲ್ಲಿ ಹಿಲ್ಡಾ ಬೊರ್ಗ್‌ಸ್ಟ್ರೋಮ್ ಎಂಬ ರಂಗನಟಿ ಒಬ್ಬ ಬಡ ವಿಧವೆಯ ಪಾತ್ರ ಮಾಡಿದರು. ಬಡವರನ್ನು ತಾನು ಹೇಗೆ ನಡೆಸಿಕೊಳ್ಳುತ್ತಿದ್ದೇನೆ ಎಂಬುದನ್ನು ಆ ದೇಶ ಅವರ ಮೈಯ ಮೇಲೆ ಓದಿಕೊಂಡಿತು.

ನಿರ್ಗತಿಕರ ಮನೆಯ ಕಚೇರಿ. ಮೇಜಿನ ಬಳಿ ಮೇಲ್ವಿಚಾರಕನಿದ್ದಾನೆ. ಪರರ ಮಕ್ಕಳನ್ನು ಸಾಕಲು ಒಪ್ಪಿದ ಹೆಂಗಸರು ಬಂದಿದ್ದಾರೆ. ಇನ್ನು ಸ್ವಲ್ಪ ಹೊತ್ತಿಗೆ ತಾಯಿ ಒಂದು ಕಡೆ, ಮಕ್ಕಳು ಒಂದೊಂದು ಕಡೆ. ತಾಯಿ ಹಿರಿಯ ಮಗನನ್ನು ತಬ್ಬಿಕೊಳ್ಳುತ್ತಾಳೆ. ಕ್ಯಾಮೆರಾ ಇಟ್ಟಲ್ಲೇ ಇದೆ. ಒಂದಿಂಚು ಮುಂದೆ ಸರಿಯುವುದಿಲ್ಲ, ಅವಳ ಕಣ್ಣೀರನ್ನು ಹತ್ತಿರದಿಂದ ತೋರಿಸುವ ಆತುರ ಅದಕ್ಕಿಲ್ಲ. ದುಃಖ ಉಕ್ಕಿ ಬರುವ ಹೊತ್ತಿಗೆ ಸರಿಯಾಗಿ ಅವಳು ನಮಗೆ ಬೆನ್ನು ಮಾಡಿಬಿಡುತ್ತಾಳೆ.

ನಮಗೆ ಕಾಣುವುದು ಅವಳ ಹೆಗಲು, ಬಾಗಿದ ಕತ್ತು, ಮಗುವಿನ ಮೈಮೇಲೆ ಬಿಗಿಯಾದ ತೋಳು. ಅಷ್ಟೇ ಸಾಕಾಗುತ್ತದೆ. ಮುಖ ಕಂಡಿದ್ದರೆ ಅವಳ ದುಃಖ ಎಷ್ಟೆಂದು ನಾವು ಅಳೆದುಬಿಡುತ್ತಿದ್ದೆವೇನೋ. ಕಾಣದೇ ಹೋದದ್ದರಿಂದ ಅದಕ್ಕೆ ಅಳತೆಯೇ ಸಿಗುವುದಿಲ್ಲ.

ಚಿತ್ರದ ಹೆಸರು ‘ಇಂಗೆಬೊರ್ಗ್ ಹೋಲ್ಮ್’. ನಿರ್ದೇಶಕ ವಿಕ್ಟರ್ ಶೋಸ್ಟ್ರೋಮ್. ತೆರೆ ಕಂಡದ್ದು 1913ರ ನವೆಂಬರ್ 3ರಂದು. ಆ ಬೆನ್ನು ಹಿಲ್ಡಾ ಬೊರ್ಗ್‌ಸ್ಟ್ರೋಮ್ ಅವರದು. ಆಗ ಅವರಿಗೆ ನಲವತ್ತೆರಡು ವರ್ಷ. ಸ್ಟಾಕ್‌ಹೋಮಿನ ರಂಗಭೂಮಿಯಲ್ಲಿ ಅದಾಗಲೇ ದೊಡ್ಡ ಹೆಸರು, ಸಿನಿಮಾಕ್ಕೆ ಮಾತ್ರ ಹೊಸಬರು. ಗ್ರೇಟಾ ಗಾರ್ಬೊ ಯಾರೆಂದು ಜಗತ್ತಿಗೆ ಗೊತ್ತು. ಇಂಗ್ರಿಡ್ ಬರ್ಗ್‌ಮನ್ ಯಾರೆಂದೂ ಗೊತ್ತು. ಅವರಿಬ್ಬರಿಗಿಂತ ಮೊದಲು, ಹಾಲಿವುಡ್ ಕಡೆಗೆ ಹೋಗದೆ, ತೆರೆಯ ಮೇಲೆ ಸುಮ್ಮನೆ ನಿಲ್ಲುವುದೂ ಅಭಿನಯವೇ ಎಂದು ತೋರಿಸಿಕೊಟ್ಟ ಈ ಹಿರಿಯ ನಟಿಯ ಹೆಸರು ನಮ್ಮ ಕಡೆ ಕೇಳಿಬರುವುದೇ ಅಪರೂಪ. ಆ ಕೊರಗಿನಿಂದಲೇ ಈ ಬರಹ.

ಗೆಜ್ಜೆಯಿಂದ ಮಾತಿಗೆ, ಮಾತಿನಿಂದ ಮೌನಕ್ಕೆ

ಹಿಲ್ಡಾ ಹುಟ್ಟಿದ್ದು 1871ರ ಅಕ್ಟೋಬರ್ 13ರಂದು, ಸ್ಟಾಕ್‌ಹೋಮಿನಲ್ಲಿ. ಮೊದಲು ಕಲಿತದ್ದು ನೃತ್ಯ. ಆಡುವ ವಯಸ್ಸಿನಲ್ಲೇ ಬ್ಯಾಲೆ ತರಬೇತಿಗೆ ಸೇರಿದರು. ಮುಂದೆ ಮಾತಿನ ನಾಟಕಕ್ಕೆ ಬಂದರೂ ಆ ಪಾಠ ಮೈಯಿಂದ ಹೋಗಲಿಲ್ಲ. ಭಾರ ಯಾವ ಕಾಲಿನ ಮೇಲೆ ಬೀಳಬೇಕು, ಕತ್ತು ಎಷ್ಟು ತಿರುಗಿದರೆ ಎಷ್ಟು ಅರ್ಥ, ಕೈ ಎಲ್ಲಿ ನಿಂತರೆ ಮಾತು ಮುಗಿಯಿತು ಎಂಬ ಲೆಕ್ಕ ನರ್ತಕಿಗೆ ಮೈಯೊಳಗೇ ಇಳಿದಿರುತ್ತದೆ. ಮುಂದೊಂದು ದಿನ ಮಾತೇ ಇಲ್ಲದ ಸಿನಿಮಾ ಎದುರಾದಾಗ ಅವರ ಕೈಹಿಡಿದದ್ದು ಈ ಲೆಕ್ಕವೇ.

ಅವರು ಬೆಳೆದ ಕಾಲದ ರಂಗಭೂಮಿ ಸಾಮಾನ್ಯದ್ದಲ್ಲ. ಇಬ್ಸೆನ್ ಬರೆದ ‘ಗೋಸ್ಟ್ಸ್’ ನಾಟಕವನ್ನು ಆಡಲು ಯುರೋಪಿನ ರಂಗಮಂದಿರಗಳು ಹಿಂದೇಟು ಹಾಕುತ್ತಿದ್ದಾಗ, 1883ರಲ್ಲಿ ಅದನ್ನು ಮೊದಲು ಯುರೋಪಿನಲ್ಲಿ ರಂಗಕ್ಕೆ ತಂದದ್ದು ಆಗಸ್ಟ್ ಲಿಂಡ್‌ಬೆರಿಯವರ ಸ್ವೀಡಿಷ್ ತಂಡ, ದಕ್ಷಿಣದ ಹೆಲ್ಸಿಂಗ್‌ಬೋರ್ಗ್ ಊರಿನಲ್ಲಿ. ಸ್ವೀಡನ್ನಿನದೇ ನಾಟಕಕಾರ ಸ್ಟ್ರಿಂಡ್‌ಬೆರಿ ಇದ್ದರು. ರಾಜರಾಣಿಯರು ಪಕ್ಕಕ್ಕೆ ಸರಿದು ಮನೆಯ ಹಜಾರ, ಊಟದ ಮೇಜು, ಗಂಡಹೆಂಡಿರ ಜಗಳ ರಂಗಕ್ಕೆ ಬಂದಿದ್ದವು. ಪ್ರೇಕ್ಷಕರತ್ತ ಮುಖ ಮಾಡಿ ಕೈಯೆತ್ತಿ ಸಂಭಾಷಣೆ ಒಪ್ಪಿಸುವ ಹಳೆಯ ರೂಢಿ ಸಡಿಲವಾಗುತ್ತಿತ್ತು. ಮನೆಯೊಳಗೆ ಯಾರೂ ಗೋಡೆಗೆ ಮುಖ ಮಾಡಿ ಭಾಷಣ ಮಾಡುವುದಿಲ್ಲವಲ್ಲ! ಬೆನ್ನು ತಿರುಗಿಸುವುದು ಅಪಚಾರವಾಗಿದ್ದ ಕಡೆ ಅದೀಗ ಬದುಕಿನ ಸಹಜ ಭಂಗಿಯಾಗಿ ಒಳಗೆ ಬಂತು.

ಸ್ವೀಡನ್ನಿನ ರಾಷ್ಟ್ರೀಯ ರಂಗಮಂದಿರಕ್ಕೆ ಜನರಿಟ್ಟ ಮುದ್ದಿನ ಹೆಸರು ಡ್ರಾಮಾಟೆನ್. 1788ರಲ್ಲಿ ಮೂರನೆಯ ಗುಸ್ತಾವ್ ದೊರೆ ಸ್ಥಾಪಿಸಿದ್ದು. ಈಗ ನಾವು ಕಾಣುವ ಬಿಳಿ ಕಲ್ಲಿನ ಕಟ್ಟಡ 1908ರಲ್ಲಿ ಸ್ಟ್ರಿಂಡ್‌ಬೆರಿಯವರ ನಾಟಕದೊಂದಿಗೆ ಬಾಗಿಲು ತೆರೆಯಿತು. ಹಿಲ್ಡಾ ಅವರ ರಂಗಬದುಕಿನ ಬಹುಪಾಲು ಕಳೆದದ್ದು ಈ ಸಂಸ್ಥೆಯಲ್ಲಿ. ದಶಕಗಟ್ಟಲೆ ಅಲ್ಲಿ ಬಣ್ಣ ಹಚ್ಚಿದರು. ಆ ಸಂಜೆಗಳನ್ನು ಕಂಡವರು ಯಾರೂ ಈಗ ಇಲ್ಲ. ರಂಗನಟಿಯ ಪಾಡೇ ಅದು: ಪರದೆ ಬಿದ್ದ ಮೇಲೆ ಉಳಿಯುವುದು ನೋಡಿದವರ ನೆನಪು, ನೋಡಿದವರು ಹೋದ ಮೇಲೆ ಅದೂ ಇಲ್ಲ.

ಗಾಜಿನ ಮಾಡಿನ ಕೆಳಗೆ

1912ರ ಹೊತ್ತಿಗೆ ಸ್ಟಾಕ್‌ಹೋಮಿನ ಪಕ್ಕದ ಲಿಡಿಂಗೋ ದ್ವೀಪದಲ್ಲಿ ಸ್ವೆನ್ಸ್ಕಾ ಬಯೋ ಕಂಪನಿ ತನ್ನ ಸ್ಟುಡಿಯೋ ಕಟ್ಟಿಕೊಂಡಿತ್ತು. ಹಗಲು ಬೆಳಕನ್ನು ಒಳಗೆ ಬಿಟ್ಟುಕೊಳ್ಳಲು ಗಾಜಿನ ಮಾಡು. ಕಂಪನಿಯ ಮುಖ್ಯಸ್ಥ ಚಾರ್ಲ್ಸ್ ಮ್ಯಾಗ್ನುಸನ್ ಆ ವರ್ಷ ರಂಗಭೂಮಿಯಿಂದ ಇಬ್ಬರನ್ನು ಕರೆತಂದರು. ಒಬ್ಬರು ಮೌರಿತ್ಸ್ ಸ್ಟಿಲ್ಲರ್, ಇನ್ನೊಬ್ಬರು ವಿಕ್ಟರ್ ಶೋಸ್ಟ್ರೋಮ್.

ಸಿನಿಮಾಕ್ಕೆ ಆಗ ಮರ್ಯಾದೆ ಇರಲಿಲ್ಲ. 1911ರಲ್ಲೇ ಸರ್ಕಾರ ಸೆನ್ಸಾರ್ ಕಚೇರಿ ತೆರೆದಿತ್ತು. ಶೋಸ್ಟ್ರೋಮ್ ನಿರ್ದೇಶಿಸಿದ ಮೊದಲ ಚಿತ್ರವನ್ನೇ ಅದು ತಡೆಹಿಡಿಯಿತು. ದೊಡ್ಡ ರಂಗಮಂದಿರದ ನಟಿ ಇಂಥ ಕಡೆ ಕಾಲಿಡುವುದೆಂದರೆ ಹೆಸರನ್ನು ಪಣಕ್ಕಿಟ್ಟಂತೆ. ಆದರೆ ಬೇಸಿಗೆಯಲ್ಲಿ ನಾಟಕಗಳಿಗೆ ಬಿಡುವು, ಉತ್ತರದ ಆ ದೇಶದಲ್ಲಿ ಹಗಲು ಉದ್ದವಾಗುವುದೂ ಬೇಸಿಗೆಯಲ್ಲೇ. ಹೀಗಾಗಿ ಒಬ್ಬೊಬ್ಬರಾಗಿ ರಂಗನಟರು ಲಿಡಿಂಗೋ ದಾರಿ ಹಿಡಿದರು. ಹಿಲ್ಡಾ 1912ರಲ್ಲಿ ಶೋಸ್ಟ್ರೋಮ್ ನಿರ್ದೇಶನದ ‘ಗುಟ್ಟಿನ ಮದುವೆ’ ಎಂಬರ್ಥದ ಚಿತ್ರದಲ್ಲಿ ಮೊದಲ ಸಲ ಕ್ಯಾಮೆರಾ ಎದುರು ನಿಂತರು. ಮರುವರ್ಷವೇ ‘ಇಂಗೆಬೊರ್ಗ್ ಹೋಲ್ಮ್’.

ಮೂಲ ನೀಲ್ಸ್ ಕ್ರೂಕ್ ಅವರ 1906ರ ನಾಟಕ. ಕ್ರೂಕ್ ‘ಗೋಸ್ಟ್ಸ್’ ರಂಗಕ್ಕೆ ಬಂದ ಅದೇ ಹೆಲ್ಸಿಂಗ್‌ಬೋರ್ಗ್‌ನವರು. ಬಡವರ ಪರಿಹಾರದ ವ್ಯವಸ್ಥೆಯನ್ನು ಹತ್ತಿರದಿಂದ ಬಲ್ಲವರಾಗಿದ್ದರು. ಕಥೆ ಹೀಗಿದೆ. ಸ್ವೆನ್ ಮತ್ತು ಇಂಗೆಬೊರ್ಗ್ ದಂಪತಿಗೆ ಮೂವರು ಮಕ್ಕಳು. ಸ್ಟಾಕ್‌ಹೋಮಿನಲ್ಲಿ ಅಂಗಡಿ ತೆರೆಯುತ್ತಾರೆ. ಇನ್ನೇನು ಬಾಳು ಹಸನಾಯಿತು ಎನ್ನುವಾಗ ಸ್ವೆನ್ ಕ್ಷಯಕ್ಕೆ ಬಲಿಯಾಗುತ್ತಾನೆ. ಇಂಗೆಬೊರ್ಗ್ ಒಬ್ಬಳೇ ಅಂಗಡಿ ನಡೆಸಲು ಹೆಣಗಿ ಸೋಲುತ್ತಾಳೆ. ಹೊಟ್ಟೆಹುಣ್ಣು ಅವಳನ್ನು ಹಾಸಿಗೆ ಹಿಡಿಸುತ್ತದೆ. ಬಡವರ ಪರಿಹಾರದ ಮಂಡಳಿಯ ಮುಂದೆ ಹೋಗಿ ಕೈಚಾಚಿದರೆ, ಹೊರಗಿದ್ದು ಬದುಕಲು ಸಾಕಾಗುವಷ್ಟು ನೆರವು ಕೊಡುವುದಿಲ್ಲ. ಅವಳು ನಿರ್ಗತಿಕರ ಮನೆ ಸೇರಬೇಕು, ಮಕ್ಕಳು ಬೇರೆಯವರ ಮನೆ ಸೇರಬೇಕು.

ಅಲ್ಲಿರುವಾಗ ಮಗಳು ವಾಲ್ಬೊರ್ಗ್‌ಗೆ ಕಾಯಿಲೆ ಎಂದು ಕಾಗದ ಬರುತ್ತದೆ. ಹೋಗಿ ನೋಡಲು ಖರ್ಚು ಕೊಡುವವರಿಲ್ಲ. ತಾಯಿ ರಾತ್ರಿ ತಪ್ಪಿಸಿಕೊಂಡು ಓಡುತ್ತಾಳೆ. ಪೊಲೀಸರು ಬೆನ್ನಟ್ಟುತ್ತಾರೆ. ಹೇಗೋ ಮಗುವಿನ ಮುಖ ನೋಡಿ ಬರುತ್ತಾಳೆ. ಹಿಂದಿರುಗಿದಾಗ ಕಾದಿರುವುದು ಮೇಲ್ವಿಚಾರಕನ ಸಿಟ್ಟು, ಏಕೆಂದರೆ ಅವಳನ್ನು ತಪ್ಪಿಸಿಕೊಳ್ಳಲು ಬಿಟ್ಟದ್ದಕ್ಕೆ ಆತ ದಂಡ ತೆರಬೇಕು.

ಶಾಲಿನಲ್ಲಿ ಕಟ್ಟಿದ ಗೊಂಬೆ

ಆಮೇಲಿನದು ಇಡೀ ಚಿತ್ರದಲ್ಲಿ ನನ್ನನ್ನು ಬಿಡದೆ ಕಾಡುವ ದೃಶ್ಯ. ಸಾಕುತಾಯಿ ಕಿರಿಯ ಮಗುವನ್ನು ಕರೆತರುತ್ತಾಳೆ. ಇಂಗೆಬೊರ್ಗ್ ಎರಡೂ ಕೈ ಚಾಚುತ್ತಾಳೆ. ಮಗುವಿಗೆ ಇವಳು ಯಾರೆಂದು ಗೊತ್ತಿಲ್ಲ. ಅದು ಹಿಂದೆ ಸರಿದು ತನ್ನನ್ನು ಸಾಕುತ್ತಿರುವವಳನ್ನು ಹಿಡಿದುಕೊಳ್ಳುತ್ತದೆ. ಇಂಗೆಬೊರ್ಗ್ ತನ್ನ ಶಾಲನ್ನೇ ಸುತ್ತಿ ಗೊಂಬೆ ಮಾಡುತ್ತಾಳೆ, ಆಡಿಸಿ ತೋರಿಸುತ್ತಾಳೆ. ಎಳೆಕೂಸನ್ನು ಒಲಿಸಿಕೊಳ್ಳಲು ಎಲ್ಲ ಹೆಂಗಸರೂ ಮಾಡುವ ಆಟ. ಹೆತ್ತ ಮಗುವನ್ನು ಪರರ ಮಗುವಿನಂತೆ ರಮಿಸಬೇಕಾಗಿ ಬಂದಿದೆ. ಮಗು ಬರುವುದಿಲ್ಲ.

ಹಿಲ್ಡಾ ಇಲ್ಲಿ ಎದೆ ಬಡಿದುಕೊಳ್ಳುವುದಿಲ್ಲ. ಅವರ ಮುಖದಲ್ಲಿ ಅರಳಿದ್ದ ಆಸೆ ಕೊಂಚ ಕೊಂಚವೇ ಆರುತ್ತದೆ. ಗೊಂಬೆ ಕಟ್ಟಿದ ಕೈಗಳು ಏನು ಮಾಡಬೇಕೆಂದು ತಿಳಿಯದೆ ಹಾಗೇ ಉಳಿಯುತ್ತವೆ. ಇಂಗೆಬೊರ್ಗ್‌ಳ ಬುದ್ಧಿ ಕದಡಿಹೋಗುತ್ತದೆ. ಮುಂದೆ ನಾವು ಅವಳನ್ನು ನೋಡುವಾಗ ಅವಳ ಮಡಿಲಲ್ಲಿ ಒಂದು ಹಲಗೆಯ ತುಂಡಿದೆ. ಅದನ್ನು ಕೂಸೆಂದು ತೂಗುತ್ತಿದ್ದಾಳೆ.

ಮಗನ ಶವವನ್ನು ಮಡಿಲಲ್ಲಿಟ್ಟುಕೊಂಡು ಹಲುಬುವ ಚಂದ್ರಮತಿಯನ್ನು ಕೇಳುತ್ತ ಬೆಳೆದವರು ನಾವು. ಮಾರಾಟವಾದ ತಾಯಿ, ಮಾರಾಟವಾದ ಮಗು ನಮಗೆ ಹೊಸಬರಲ್ಲ. ಹರಿಶ್ಚಂದ್ರನ ಆ ಕಥೆಯನ್ನೇ ದಾದಾಸಾಹೇಬ್ ಫಾಲ್ಕೆ ತೆರೆಗೆ ತಂದದ್ದೂ ಇದೇ 1913ರಲ್ಲಿ, ಮುಂಬಯಿಯಲ್ಲಿ. ಅಲ್ಲಿ ರಾಣಿಯ ಪಾತ್ರ ಮಾಡಲು ಹೆಣ್ಣು ಸಿಗದೆ ಸಾಳುಂಕೆ ಎಂಬ ಯುವಕ ಸೀರೆ ಉಟ್ಟ. ಒಂದೇ ವರ್ಷದಲ್ಲಿ, ಒಂದಕ್ಕೊಂದು ಸುಳಿವಿಲ್ಲದ ಎರಡು ಊರುಗಳಲ್ಲಿ, ಎಳೆಯ ಸಿನಿಮಾ ಮಗುವಿನಿಂದ ಅಗಲಿದ ತಾಯಿಯನ್ನು ಹುಡುಕಿಕೊಂಡು ಹೋಗಿತ್ತು. ಚಂದ್ರಮತಿಗೆ ಕೊನೆಗೆ ದೇವರು ಬಂದ. ಇಂಗೆಬೊರ್ಗ್‌ಳ ಎದುರಿಗಿದ್ದದ್ದು ಒಂದು ಕಾಯ್ದೆ.

ಕಡಿಮೆ ಕೂಗಿದವರಿಗೆ ಮಗು

ಬಡವರ ಪರಿಹಾರದ ಆ ಕಾಯ್ದೆ ಜಾರಿಗೆ ಬಂದದ್ದು 1871ರಲ್ಲಿ, ಹಿಲ್ಡಾ ಹುಟ್ಟಿದ ವರ್ಷವೇ. ಅದು ನೆರವಿನ ಹಕ್ಕನ್ನು ಮೊದಲಿಗಿಂತ ಬಿಗಿಮಾಡಿತು. ಎಳೆಯರು, ರೋಗಿಗಳು, ಬುದ್ಧಿಸ್ವಾಧೀನ ಇಲ್ಲದವರು ಮುಂತಾದ ಕೆಲವರನ್ನು ಬಿಟ್ಟರೆ ಉಳಿದವರಿಗೆ ಕೊಡುವುದು ಬಿಡುವುದು ಊರಿನ ಮಂಡಳಿಯ ಮರ್ಜಿ. ಮಂಡಳಿ ಒಲ್ಲೆ ಎಂದರೆ ಮೇಲೆ ದೂರು ಒಯ್ಯುವ ದಾರಿ ಬಡವನಿಗೆ ಇರಲಿಲ್ಲ. ಪೂರ್ತಿ ನೆರವು ಪಡೆದವರ ಮೇಲೆ ಮಂಡಳಿಗೆ ಯಜಮಾನಿಕೆಯ ಅಧಿಕಾರವಿತ್ತು. ಇಂಗೆಬೊರ್ಗ್ ಮಗಳನ್ನು ನೋಡಲು ಹೋದದ್ದು ಅಪರಾಧವಾದದ್ದು ಹೀಗೆ.

ಹಳ್ಳಿಗಳಲ್ಲಿ ಇನ್ನೂ ಕ್ರೂರವಾದ ಪದ್ಧತಿ ನಡೆಯುತ್ತಿತ್ತು. ಅನಾಥ ಮಕ್ಕಳನ್ನು, ಮುದುಕರನ್ನು ಹರಾಜಿಗೆ ನಿಲ್ಲಿಸುತ್ತಿದ್ದರು. ಹರಾಜು ಎಂದರೆ ನಮಗೆ ಗೊತ್ತಿರುವುದು ಹೆಚ್ಚು ಕೂಗಿದವನಿಗೆ ಮಾಲು. ಅಲ್ಲಿ ತಲೆಕೆಳಗು: ಸಾಕುವುದಕ್ಕೆ ಊರಿನಿಂದ ಅತಿ ಕಡಿಮೆ ಹಣ ಕೇಳಿದವನಿಗೆ ಮಗು. ಇಷ್ಟು ಕಡಿಮೆಗೆ ಒಪ್ಪಿದವನು ಆ ಮಗುವಿಗೆ ಏನು ಉಣಿಸುತ್ತಾನೆ, ಅದರಿಂದ ಎಷ್ಟು ದುಡಿಸಿಕೊಳ್ಳುತ್ತಾನೆ ಎಂದು ಕೇಳುವವರಿರಲಿಲ್ಲ. ಇನ್ನು ಕೆಲವು ಕಡೆ ನಿರ್ಗತಿಕರು ಮನೆಯಿಂದ ಮನೆಗೆ, ಒಂದೊಂದು ಮನೆಯಲ್ಲಿ ಲೆಕ್ಕದ ದಿನ ಉಂಡು ಮಲಗಿ, ಸುತ್ತು ತಿರುಗುತ್ತಲೇ ಮುದುಕರಾಗುತ್ತಿದ್ದರು.

ಇದನ್ನು ಬದಲಿಸಬೇಕೆಂದು ಸುಧಾರಕರು ಸಂಘ ಕಟ್ಟಿಕೊಂಡು ವರ್ಷಗಳಿಂದ ಹೋರಾಡುತ್ತಿದ್ದರು. ವರದಿಗಳಿದ್ದವು, ಲೇಖನಗಳಿದ್ದವು. ಆದರೆ ವರದಿಗೆ ಬೆನ್ನಿಲ್ಲ, ಹೆಗಲಿಲ್ಲ, ನಡುಗುವ ಕೈಯಿಲ್ಲ. ಹಿಲ್ಡಾ ಅದಕ್ಕೆ ಇವೆಲ್ಲವನ್ನೂ ಕೊಟ್ಟರು. ಚಿತ್ರ ಬಿಡುಗಡೆಯಾದದ್ದೇ ಪತ್ರಿಕೆಗಳಲ್ಲಿ ವಾದ ಎದ್ದಿತು. ಇದೆಲ್ಲ ಅತಿರೇಕ ಎಂದವರಿದ್ದರು, ಇದ್ದದ್ದನ್ನೇ ತೋರಿಸಿದ್ದಾರೆ ಎಂದವರೂ ಇದ್ದರು. ಸಂತೆಯ ಮೋಜು ಎನಿಸಿಕೊಂಡಿದ್ದ ಸಿನಿಮಾ ನಾಡಿನ ಒಂದು ಕಾನೂನಿನ ಚರ್ಚೆಯಲ್ಲಿ ಸಾಕ್ಷಿ ಹೇಳಲು ನಿಂತಿತ್ತು. 1918ರಲ್ಲಿ ಹೊಸ ಕಾಯ್ದೆ ಬಂತು. ಬಡವರ ಹರಾಜು, ಮನೆಮನೆ ತಿರುಗಾಟ ಎರಡೂ ರದ್ದಾದವು. ಅದು ಬಹುಜನರ ಬಹುಕಾಲದ ದುಡಿಮೆಯ ಫಲ. ಅವರ ಪಕ್ಕದಲ್ಲಿ ಈ ನಟಿಯನ್ನೂ ನಿಲ್ಲಿಸುವುದು ನ್ಯಾಯ.

ಹೊಸ ಕಾಯ್ದೆ ಬಂದ ಮೇಲೂ ಒಂದು ಕಳಂಕ ಉಳಿದಿತ್ತು. ಸ್ವೀಡನ್ನಿನ ಹೆಂಗಸರು ಸಂಸತ್ ಚುನಾವಣೆಯಲ್ಲಿ ಮೊದಲ ಬಾರಿಗೆ ಮತ ಹಾಕಿದ್ದು 1921ರಲ್ಲಿ. ಇಂಗೆಬೊರ್ಗ್‌ಳ ಹಾಗೆ ಕಾಯಂ ಆಗಿ ಬಡವರ ಪರಿಹಾರದಲ್ಲಿ ಬದುಕುವವರಿಗೆ ಆ ಸಾಲಿನಲ್ಲಿ ಜಾಗವಿರಲಿಲ್ಲ. ಆ ಅಡ್ಡಿ ತೊಲಗಿದ್ದು 1945ರಲ್ಲಿ.

ಇನ್ನೊಬ್ಬ ಹೋಲ್ಮ್

ಏಳು ವರ್ಷಗಳ ಬಳಿಕ ಶೋಸ್ಟ್ರೋಮ್ ಮತ್ತೆ ಹಿಲ್ಡಾ ಅವರನ್ನು ಕರೆದರು. ಸಾಹಿತ್ಯದ ನೊಬೆಲ್ ಪಡೆದ ಮೊದಲ ಮಹಿಳೆ ಸೆಲ್ಮಾ ಲಾಗರ್ಲಾಫ್ ಅವರ ಕಾದಂಬರಿ ‘ಶೋರ್ಕಾರ್ಲೆನ್’, ಎಂದರೆ ಗಾಡಿ ಹೊಡೆಯುವವನು, ತೆರೆಗೆ ಬರುತ್ತಿತ್ತು. ವರ್ಷದ ಕೊನೆಯ ಗಳಿಗೆಯಲ್ಲಿ ಸತ್ತವನು ಮುಂದಿನ ಇಡೀ ವರ್ಷ ಸಾವಿನ ಗಾಡಿ ಹೊಡೆಯಬೇಕೆಂಬ ನಂಬಿಕೆಯ ಮೇಲೆ ಕಟ್ಟಿದ ಕಥೆ. ಕುಡುಕ ಡೇವಿಡ್ ಹೋಲ್ಮ್ ಆಗಿ ಸ್ವತಃ ಶೋಸ್ಟ್ರೋಮ್, ಅವನ ಹೆಂಡತಿಯಾಗಿ ಹಿಲ್ಡಾ. ಆ ಪಾತ್ರದ ಮನೆತನದ ಹೆಸರೂ ಹೋಲ್ಮ್. ಚಿತ್ರ 1921ರ ಹೊಸವರ್ಷದ ದಿನವೇ ತೆರೆ ಕಂಡಿತು.

ಛಾಯಾಗ್ರಾಹಕ ಯೂಲಿಯಸ್ ಯೆನ್ಸೋನ್ ಅದೇ ಫಿಲ್ಮಿನ ಮೇಲೆ ಮತ್ತೆ ಮತ್ತೆ ಚಿತ್ರಿಸಿ, ಪಾರದರ್ಶಕವಾದ ಗಾಡಿಯೊಂದು ಅಲೆಗಳ ಮೇಲೆ, ಗೋಡೆಗಳ ಒಳಗೆ ಸಾಗುವಂತೆ ಮಾಡಿದರು. ಜಗತ್ತು ಬೆರಗಾದದ್ದು ಈ ಚಮತ್ಕಾರಕ್ಕೆ. ನನ್ನ ಕಣ್ಣು ನಿಲ್ಲುವುದು ಮಾತ್ರ ದೆವ್ವ ಇಲ್ಲದ ಬಡ ಕೋಣೆಯಲ್ಲಿ. ಕ್ಷಯ ಹಿಡಿದ ಗಂಡ ಬೇಕೆಂದೇ ಮಕ್ಕಳ ಹತ್ತಿರ ಬಂದು ಕೆಮ್ಮುತ್ತಾನೆ. ಹೆಂಡತಿ ಅವನನ್ನು ಒಳಗೆ ಕೂಡಿ ಬಾಗಿಲು ಹಾಕುತ್ತಾಳೆ. ಅವನು ಕೊಡಲಿ ಎತ್ತಿ ಬಾಗಿಲನ್ನು ಸೀಳುತ್ತಾನೆ. ಈ ಕಡೆ ಅವಳು ಮಕ್ಕಳನ್ನು ಎಳೆದುಕೊಂಡು ಓಡಲು ತಡವರಿಸುತ್ತಾಳೆ. ಇಷ್ಟು ವರ್ಷಗಳ ಹೊಡೆತ, ಹಸಿವು, ಭಯ ಎಲ್ಲವೂ ಆ ತಡವರಿಕೆಯಲ್ಲಿವೆ. ಕೊನೆಗೆ ಬದುಕು ಸಾಕಾಗಿ ಮಕ್ಕಳಿಗೂ ತನಗೂ ವಿಷ ಬೆರೆಸಲು ಅಣಿಯಾಗುವಾಗ ಅವಳ ಕೈ ನಡುಗುವುದಿಲ್ಲ. ದಿನದ ಅಡುಗೆಗೆ ನಿಂತವಳ ಹಾಗೆ ನಿಧಾನವಾಗಿ ಕೆಲಸ ಮಾಡುತ್ತಾಳೆ. ನೋಡುವವರ ಹೊಟ್ಟೆ ಹಿಂಡುವುದು ಆ ನಿಧಾನ. ಸತ್ತು ಬಿದ್ದಿದ್ದ ಡೇವಿಡ್‌ಗೆ ಜೀವ ತಿರುಗಿ ಬಂದು, ಮನಸ್ಸು ಬದಲಾಗಿ ಓಡಿ ಬಂದು ಅವಳನ್ನು ತಡೆದಾಗಲೂ ಆ ಮುಖ ಅವನನ್ನು ತಕ್ಷಣ ನಂಬುವುದಿಲ್ಲ. ಇಷ್ಟು ನೊಂದವಳು ಹಾಗೆಲ್ಲ ನಂಬಲಾರಳು ಎಂಬುದು ನಟಿಗೆ ಗೊತ್ತಿತ್ತು.

ಶೋಸ್ಟ್ರೋಮ್ ಏಳು ವರ್ಷದವರಿದ್ದಾಗಲೇ ತಾಯಿಯನ್ನು ಕಳೆದುಕೊಂಡವರು. ಅವರ ಚಿತ್ರಗಳಲ್ಲಿ ತಾಯಂದಿರಿಗೆ ಸಿಗುವ ಗೌರವದ ಹಿಂದೆ ಆ ನೋವಿದೆ ಎಂದು ನನಗನ್ನಿಸುತ್ತದೆ. ಎರಡು ಸಲವೂ ಆ ತಾಯಿಯನ್ನು ಅವರು ಹಿಲ್ಡಾ ಅವರ ಕೈಗೇ ಒಪ್ಪಿಸಿದರು.

ಹೋದವರು, ಉಳಿದವರು

ಆಮೇಲೆ ವಲಸೆಯ ಕಾಲ ಬಂತು. 1923ರಲ್ಲಿ ಶೋಸ್ಟ್ರೋಮ್ ಹಾಲಿವುಡ್‌ಗೆ ಹೋದರು. 1925ರಲ್ಲಿ ಸ್ಟಿಲ್ಲರ್ ಜೊತೆ, ಡ್ರಾಮಾಟೆನ್ ಶಾಲೆಯಲ್ಲಿ ಕಲಿತಿದ್ದ ಗಾರ್ಬೊ ಹೊರಟರು. ಸ್ವೀಡಿಷ್ ಮೂಕಿ ಚಿತ್ರದ ಚಿನ್ನದ ಕಾಲ ಮುಗಿಯಿತು. ಹಿಲ್ಡಾ ತಮ್ಮ ರಂಗಮಂದಿರದಲ್ಲೇ ಉಳಿದರು.

ಮಾತಿನ ಚಿತ್ರಗಳು ಬಂದಾಗ ಎಷ್ಟೋ ಮೂಕಿ ತಾರೆಯರು ಮರೆಯಾದರು. ಹಿಲ್ಡಾ ಅವರಿಗೆ ಆ ಭಯವಿರಲಿಲ್ಲ, ಮಾತು ಅವರ ಕಸುಬೇ ಆಗಿತ್ತು. ಮೂವತ್ತರ ದಶಕದ ಕೊನೆಯಿಂದ ಅಜ್ಜಿ, ಮನೆಗೆಲಸದ ಹಿರಿಯಳು, ಹಳ್ಳಿಯ ಮುದುಕಿಯಾಗಿ ಮತ್ತೆ ತೆರೆಗೆ ಬಂದರು. 1938ರ ‘ಒಬ್ಬ ಹೆಣ್ಣಿನ ಮುಖ’ ಚಿತ್ರದಲ್ಲಿ ತರುಣಿ ಇಂಗ್ರಿಡ್ ಬರ್ಗ್‌ಮನ್ ಜೊತೆ ನಟಿಸಿದರು. ಪಾತ್ರ ಚಿಕ್ಕದೆಂದು ಮುಖ ತಿರುಗಿಸಲಿಲ್ಲ.

1948ರಲ್ಲಿ, ಎಪ್ಪತ್ತಾರರ ವಯಸ್ಸಿನಲ್ಲಿ, ಅವರು ‘ಕತ್ತಲಲ್ಲಿ ಸಂಗೀತ’ ಎಂಬರ್ಥದ ಚಿತ್ರದಲ್ಲಿ ಲೋವಿಸಾ ಎಂಬ ಪಾತ್ರ ಮಾಡಿದರು. ಕುರುಡನಾದ ಪಿಯಾನೋ ವಾದಕನೊಬ್ಬನ ಕಥೆ. ನಿರ್ದೇಶಕನಿಗೆ ಇನ್ನೂ ಮೂವತ್ತು ತುಂಬಿರಲಿಲ್ಲ. ಅವರೇ ಇಂಗ್ಮರ್ ಬರ್ಗ್‌ಮನ್. ಹುಡುಗನಾಗಿದ್ದಾಗ ‘ಶೋರ್ಕಾರ್ಲೆನ್’ ನೋಡಿ ಅಲುಗಿಹೋಗಿದ್ದವರು, ಮುಂದೆ ಪ್ರತಿವರ್ಷ ಅದನ್ನು ನೋಡುವುದನ್ನು ವ್ರತದಂತೆ ನಡೆಸಿದವರು. ಆ ಚಿತ್ರದ ಕೊಡಲಿಯ ಮುಂದೆ ನಡುಗಿದ್ದ ಹೆಂಗಸು ಈಗ ನೆರೆತ ಕೂದಲಿನೊಂದಿಗೆ ಅವರ ಕ್ಯಾಮೆರಾ ಎದುರಿಗೆ ಕೂತಿದ್ದರು. 1957ರ ‘ವೈಲ್ಡ್ ಸ್ಟ್ರಾಬೆರೀಸ್’ನಲ್ಲಿ ಬರ್ಗ್‌ಮನ್ ವೃದ್ಧ ಶೋಸ್ಟ್ರೋಮ್ ಅವರನ್ನು ನಾಯಕನನ್ನಾಗಿ ಮಾಡಿದ್ದನ್ನು ಎಲ್ಲರೂ ಕೊಂಡಾಡುತ್ತಾರೆ. ಅದಕ್ಕೂ ಒಂಬತ್ತು ವರ್ಷ ಮೊದಲೇ ಆ ಹಳೆಯ ಚಿತ್ರದ ತಾಯಿ ಅವರ ಚಿತ್ರದೊಳಗೆ ಬಂದು ಹೋಗಿದ್ದರು.

ಹಿಲ್ಡಾ 1953ರ ಜನವರಿ 2ರಂದು ತೀರಿಕೊಂಡರು. ಎಂಬತ್ತೊಂದು ವರ್ಷ ಬಾಳಿದರು.

ಒಂದು ಹಳೆಯ ಭಾವಚಿತ್ರ

1941ರ ಸೆಪ್ಟೆಂಬರ್ 22ರಂದು ಸ್ಟಾಕ್‌ಹೋಮಿನಲ್ಲಿ ಸ್ವೆನ್ಸ್ಕ್ ಫಿಲ್ಮಿಂಡಸ್ಟ್ರಿ ಕಂಪನಿಯ ಫಿಲ್ಮ್ ಉಗ್ರಾಣ ಸಿಡಿದು ಹೊತ್ತಿ ಉರಿಯಿತು. ಆ ಕಾಲದ ಫಿಲ್ಮು ಕಿಡಿ ತಾಗಿದರೆ ಮದ್ದಿನಂತೆ ಉರಿಯುವಂಥದ್ದು. ಶೋಸ್ಟ್ರೋಮ್, ಸ್ಟಿಲ್ಲರ್ ಕಾಲದ ಎಷ್ಟೋ ಚಿತ್ರಗಳ ಮೂಲಪ್ರತಿಗಳು ಬೂದಿಯಾದವು. ಶೋಸ್ಟ್ರೋಮ್ ಆರಂಭದ ವರ್ಷಗಳಲ್ಲಿ ಮಾಡಿದ ಚಿತ್ರಗಳಲ್ಲಿ ಬಹುತೇಕ ಇಂದು ಇಲ್ಲ. ಬದುಕುಳಿದ ಬೆರಳೆಣಿಕೆಯವುಗಳಲ್ಲಿ ‘ಇಂಗೆಬೊರ್ಗ್ ಹೋಲ್ಮ್’ ಒಂದು.

ಆ ಚಿತ್ರದ ಕೊನೆಯನ್ನು ಇನ್ನೂ ಹೇಳಿಲ್ಲ. ಹದಿನೈದು ವರ್ಷಗಳ ಬಳಿಕ ಹಿರಿಯ ಮಗ ಎರಿಕ್ ನಾವಿಕನಾಗಿ ಊರಿಗೆ ಬರುತ್ತಾನೆ. ಸ್ವೆನ್ ಪಾತ್ರ ಮಾಡಿದ ಆರೋನ್ ಲಿಂಡ್‌ಗ್ರೆನ್ ಅವರೇ ಬೆಳೆದ ಮಗನೂ ಆಗಿದ್ದಾರೆ. ಸತ್ತ ಗಂಡನ ಮುಖವೇ ಬಾಗಿಲಲ್ಲಿ ಬಂದು ನಿಲ್ಲುತ್ತದೆ. ಇಂಗೆಬೊರ್ಗ್ ಗುರುತಿಸುವುದಿಲ್ಲ, ಹಲಗೆ ತೂಗುತ್ತಲೇ ಇದ್ದಾಳೆ. ಮಗ ಕುಸಿಯುತ್ತಾನೆ. ಕೊನೆಗೆ ಜೇಬಿನಿಂದ ಒಂದು ಭಾವಚಿತ್ರ ತೆಗೆದು ಅವಳ ಮುಂದೆ ಹಿಡಿಯುತ್ತಾನೆ. ಅವಳದೇ ಹಳೆಯ ಚಿತ್ರ, ಮಗನಿಗೆಂದು ತಾಯಿ ಕೊಟ್ಟದ್ದು. ಅವಳು ಅದನ್ನು ನೋಡುತ್ತಾಳೆ. ಬಹಳ ಹೊತ್ತು ನೋಡುತ್ತಾಳೆ. ನಿಧಾನವಾಗಿ ಮುಖಕ್ಕೆ ಜೀವ ಬರುತ್ತದೆ. ಈ ಸಲ ಹಿಲ್ಡಾ ಬೆನ್ನು ತಿರುಗಿಸುವುದಿಲ್ಲ.

ನಾಲ್ಕು ದಶಕಗಳಿಗೂ ಮೀರಿದ ಅವರ ರಂಗದ ಸಂಜೆಗಳು ಗಾಳಿಯಲ್ಲಿ ಕರಗಿವೆ. ನಮ್ಮ ಕೈಯಲ್ಲಿ ಉಳಿದಿರುವುದು ಎರಿಕನ ಜೇಬಿನಲ್ಲಿದ್ದಂಥ ಕೆಲವು ಚಿತ್ರಗಳು ಮಾತ್ರ, ಉರಿಯಿಂದ ಪಾರಾಗಿ ಬಂದವು. ಅವನ್ನು ಮುಂದೆ ಹಿಡಿದರೆ ಸಾಕು, ಹಲಗೆಯ ತುಂಡನ್ನು ಪಕ್ಕಕ್ಕಿಟ್ಟು ಒಬ್ಬ ತಾಯಿ ತಲೆಯೆತ್ತುತ್ತಾಳೆ.